ಒಂದು ಹಾಡೂ ಅದರ ಮೇಲಿನ ಅಪವಾದವೂ

ಕಾಲೇಜಿನ ವಾರ್ಷಿಕೋತ್ಸವದಲ್ಲಿ ಏನನ್ನು ಹಾಡಬಹುದು, ಏನನ್ನು ಹಾಡಬಾರದು ಎಂಬ ಚರ್ಚೆ ವರ್ಷಕ್ಕೊಮ್ಮೆ ನಡೆಯತಕ್ಕದ್ದೇ. ಈ ಸಲವೂ ನಡೆಯಿತು. ವಿದ್ಯಾರ್ಥಿನಿಲಯದ ನಾಲ್ವರು ಗೆಳೆಯರು ಇಂಗ್ಲಿಷಿನ ಹಳೆಯದೊಂದು ರಾಕ್ ಹಾಡನ್ನು ಗಿಟಾರು, ಡ್ರಮ್ಮುಗಳೊಡನೆ ಹಾಡುತ್ತೇವೆಂದು ಹೆಸರು ಕೊಟ್ಟರು. ಸಮಿತಿಯ ಹಿರಿಯರೊಬ್ಬರು, "ಇದರ ಅರ್ಥವೇನಪ್ಪ?" ಎಂದು ಕೇಳಿದರು. ನಾಲ್ವರೂ ಒಬ್ಬರ ಮುಖವನ್ನೊಬ್ಬರು ನೋಡಿಕೊಂಡರು. "ಗೊತ್ತಿಲ್ಲ ಸಾರ್, ಮಾತು ಸರಿಯಾಗಿ ಕೇಳಿಸುವುದಿಲ್ಲ" ಎಂದು ಒಬ್ಬ ನಿಜವನ್ನೇ ಹೇಳಿಬಿಟ್ಟ. "ಹಾಗಾದರೆ ಅದರಲ್ಲಿ ಏನೇನಿದೆಯೋ ಯಾರಿಗೆ ಗೊತ್ತು!" ಎಂದು ಅವರು ಪಟ್ಟಿಯಿಂದ ಆ ಹಾಡನ್ನು ಹೊಡೆದುಹಾಕಿದರು.

ಹಿರಿಯರ ಮೇಲೆ ನನಗೆ ಸಿಟ್ಟಿಲ್ಲ. ಅವರು ಕೇಳಿದ ಪ್ರಶ್ನೆ ನ್ಯಾಯವಾದುದೇ. ಆದರೆ ಆ ಹಾಡು 'ಲೂಯಿ ಲೂಯಿ' ಎಂದು ತಿಳಿದಾಗ ನಗು ಬಂದಿತು. ಏಕೆಂದರೆ "ಏನೇನಿದೆಯೋ ಯಾರಿಗೆ ಗೊತ್ತು" ಎಂಬ ಇದೇ ಮಾತನ್ನು ಹಿಡಿದು ಅರುವತ್ತು ವರ್ಷಗಳ ಹಿಂದೆ ಅಮೆರಿಕದ ಸರ್ಕಾರವೇ ಈ ಹಾಡಿನ ಬೆನ್ನು ಹತ್ತಿತ್ತು. ಆ ಕತೆಯನ್ನು ಓದಿದಷ್ಟೂ ನನಗೆ ಒಂದು ಅಭಿಪ್ರಾಯ ಗಟ್ಟಿಯಾಗುತ್ತ ಬಂದಿದೆ. ಈ ಹಾಡಿನ ವಿಷಯದಲ್ಲಿ ಒಂದು ತಪ್ಪು ನಡೆದದ್ದುಂಟು, ನಿಜ. ಆದರೆ ಎಲ್ಲರೂ ದೀಪ ಹಿಡಿದು ಹುಡುಕಿದ ಕಡೆ ಅದು ಇರಲಿಲ್ಲ. ಅದು ಇದ್ದ ಕಡೆಗೆ ದೀಪ ಹಿಡಿದವರು ಬಹುಕಾಲ ಯಾರೂ ಇರಲಿಲ್ಲ.

ಹಾಡನ್ನು ಕಟ್ಟಿದವನು ರಿಚರ್ಡ್ ಬೆರಿ. 1935ರಲ್ಲಿ ಲೂಯಿಸಿಯಾನ ಪ್ರಾಂತದಲ್ಲಿ ಹುಟ್ಟಿ, ಲಾಸ್ ಏಂಜಲೀಸಿನಲ್ಲಿ ಬೆಳೆದ ಕರಿಯ ಜನಾಂಗದ ಹುಡುಗ. ಚಿಕ್ಕಂದಿನಲ್ಲಿ ಸೊಂಟಕ್ಕೆ ಪೆಟ್ಟಾಗಿ ಕೆಲಕಾಲ ಊರುಗೋಲಿನ ಮೇಲೆ ನಡೆದವನು. ಶಾರೀರ ಚೆನ್ನಾಗಿತ್ತು. ಇಪ್ಪತ್ತು ತುಂಬುವುದರೊಳಗೆ ಹಲವರ ಧ್ವನಿಮುದ್ರಿಕೆಗಳಲ್ಲಿ ಹಾಡಿದ್ದ; ಕೆಲವದರ ಮೇಲೆ ಅವನ ಹೆಸರು ಸಹ ಇರಲಿಲ್ಲ. 1955ರ ಸುಮಾರಿನಲ್ಲಿ ಅವನು ಲ್ಯಾಟಿನ್ ಅಮೆರಿಕದ ಧಾಟಿಯಲ್ಲಿ ನುಡಿಸುವ ತಂಡವೊಂದರ ಜೊತೆ ನೃತ್ಯಶಾಲೆಗಳಲ್ಲಿ ಹಾಡುತ್ತಿದ್ದ. ಆ ತಂಡದವರು ಕ್ಯೂಬಾದ ರೆನೆ ತೂಸೆ ಎಂಬ ಸಂಗೀತಗಾರನ 'ಎಲ್ ಲೋಕೋ ಚಾ ಚಾ' ಎಂಬುದನ್ನು ನುಡಿಸಿದಾಗ ಅದರ ಮೊದಲಿನ ಲಯ ಇವನ ತಲೆಯಲ್ಲಿ ಕುಳಿತುಬಿಟ್ಟಿತು. ಒಂದು ಎರಡು ಮೂರು, ಒಂದು ಎರಡು. ಒಂದು ಎರಡು ಮೂರು, ಒಂದು ಎರಡು. ಇಷ್ಟೇ, ಹತ್ತು ಪೆಟ್ಟು. ವಾಚಕರು ಮೇಜಿನ ಮೇಲೆ ಬೆರಳಿನಿಂದ ಬಡಿದು ನೋಡಬಹುದು. ವೇದಿಕೆಯ ಹಿಂದೆ ಕೈಗೆ ಸಿಕ್ಕ ಕಾಗದದ ಮೇಲೆ ಅದಕ್ಕೆ ಮಾತುಗಳನ್ನು ಗೀಚಿಕೊಂಡನಂತೆ.

ಮಾತುಗಳಾದರೂ ಏನು? ನಾವಿಕನೊಬ್ಬನು ಮದ್ಯದಂಗಡಿಯಲ್ಲಿ ಕುಳಿತು, ಪಾನಪಾತ್ರೆ ತುಂಬಿಕೊಡುವ ಲೂಯಿ ಎಂಬವನೊಡನೆ ತನ್ನ ಅಳಲನ್ನು ತೋಡಿಕೊಳ್ಳುತ್ತಾನೆ. ಜಮೈಕಾ ದ್ವೀಪದಲ್ಲಿ ತನ್ನ ಹುಡುಗಿ ಕಾದಿದ್ದಾಳೆ, ತಾನು ಹೊರಡಬೇಕು ಎಂಬುದೇ ಹಾಡಿನ ಸಾರ. ಇದು ಶುದ್ಧವಾದ ವಿರಹಗೀತೆ. ಕಾಳಿದಾಸನ ಯಕ್ಷನಿಗೆ ಹೇಳಿಕೊಳ್ಳಲು ಮೋಡ ಸಿಕ್ಕಿತು. ಈ ಬಡ ನಾವಿಕನಿಗೆ ಲೂಯಿ ಸಿಕ್ಕಿದ. ಎರಡನೆಯ ಬಿ. ಎ. ತರಗತಿಯ ಪಠ್ಯಪುಸ್ತಕದಲ್ಲಿ ಇದಕ್ಕಿಂತ ಹೆಚ್ಚಿನ ಶೃಂಗಾರವನ್ನು ನಮಗೆ ಅಧ್ಯಾಪಕರೇ ಪದಪದಕ್ಕೂ ಅರ್ಥ ಹೇಳಿ ಕಲಿಸಿದ್ದಾರೆ.

1957ರಲ್ಲಿ ಹಾಡು ಹೊರಬಂದಿತು, ಅದೂ ತಟ್ಟೆಯ ಹಿಂಬದಿಯಲ್ಲಿ. ಮುಂಬದಿಗೆ ಬೇರೆ ಹಾಡು. ಆ ಕರಾವಳಿಯ ಊರುಗಳಲ್ಲಿ ಒಂದಷ್ಟು ಹೆಸರಾಯಿತು, ಆಮೇಲೆ ತಣ್ಣಗಾಯಿತು. 1959ರಲ್ಲಿ ಬೆರಿಗೆ ಮದುವೆಯ ಖರ್ಚಿಗೆ ಹಣ ಬೇಕಾಯಿತು. ಈ ಹಾಡನ್ನೂ ಇನ್ನು ಕೆಲವನ್ನೂ ಸೇರಿಸಿ, ಹಕ್ಕಿನಲ್ಲಿ ತನಗಿದ್ದ ಬಹುಪಾಲನ್ನು 750 ಡಾಲರಿಗೆ ಪ್ರಕಾಶಕನಿಗೆ ಬರೆದುಕೊಟ್ಟ. ನಮ್ಮ ಕಡೆ ಮದುವೆಗಾಗಿ ಗದ್ದೆ ಮಾರಿದವರನ್ನು ನಾವು ಬಲ್ಲೆವು. ಗದ್ದೆಯಾದರೆ ಎಷ್ಟು ಬೆಳೆಯುತ್ತದೆಂದು ಮಾರುವವನಿಗೂ ಕೊಳ್ಳುವವನಿಗೂ ಗೊತ್ತು. ಹಾಡು ಏನನ್ನು ಬೆಳೆದೀತೆಂದು ಯಾರು ಬಲ್ಲರು?

ಅದು ಬೆಳೆದದ್ದು ದೇಶದ ವಾಯವ್ಯ ಮೂಲೆಯಲ್ಲಿ. ಟಕೋಮಾ ಎಂಬ ಊರಿನ ರಾಬಿನ್ ರಾಬರ್ಟ್ಸ್ ಎಂಬ ಗಾಯಕ ಮರೆತುಹೋಗಿದ್ದ ಆ ತಟ್ಟೆಯನ್ನು ಹುಡುಕಿ ತೆಗೆದು, 'ವೇಲರ್ಸ್' ತಂಡದೊಡನೆ ಹಾಡಿ 1961ರಲ್ಲಿ ಹೊರತಂದ. ನಡುವೆ ಗಿಟಾರ್ ಮೇಲೇಳುವ ಮುನ್ನ ಒಂದು ಕೂಗು ಹಾಕಿದ್ದು ಅವನದೇ ಸೇರ್ಪಡೆ. ಆಮೇಲೆ ಆ ಸೀಮೆಯ ಹುಡುಗರ ತಂಡಗಳೆಲ್ಲವೂ ಇದನ್ನು ನುಡಿಸತೊಡಗಿದವು. ಅಂಥದೊಂದು ತಂಡ, ಪೋರ್ಟ್‌ಲ್ಯಾಂಡ್ ಊರಿನ 'ಕಿಂಗ್ಸ್‌ಮೆನ್'. ಎಲ್ಲರೂ ಇಪ್ಪತ್ತರ ಆಸುಪಾಸಿನವರು. ನಮ್ಮ ವಾರ್ಷಿಕೋತ್ಸವದ ನಾಲ್ವರಿಗಿಂತ ಹೆಚ್ಚಿನ ಶಾಸ್ತ್ರಜ್ಞಾನವೇನೂ ಇದ್ದವರಲ್ಲ.

1963ನೆಯ ಇಸವಿ ಏಪ್ರಿಲ್ 6ರಂದು ಅವರು ಸುಮಾರು 50 ಡಾಲರು ತೆತ್ತು ಊರಿನ ಧ್ವನಿಮುದ್ರಣ ಶಾಲೆಗೆ ಹೋದರು. ಹಿಂದಿನ ರಾತ್ರಿ ಇದೇ ಹಾಡನ್ನು ಒಂದೂವರೆ ಗಂಟೆ ಬಿಡದೆ ಹಾಡಿ ಗಾಯಕ ಜಾಕ್ ಈಲಿಯ ಗಂಟಲು ಕಟ್ಟಿತ್ತು. ಅವನ ಹಲ್ಲುಗಳಿಗೆ ತಂತಿ ಕಟ್ಟಿತ್ತು. ಮೈಕನ್ನು ತಲೆಗಿಂತ ಬಹಳ ಎತ್ತರಕ್ಕೆ, ಸೂರಿನ ಕಡೆಗೆ ತೂಗುಹಾಕಿದ್ದರು. ಪಾಪ, ಅವನು ತುದಿಗಾಲಿನಲ್ಲಿ ನಿಂತು, ಕತ್ತನ್ನು ಮೇಲೆತ್ತಿ, ಸುತ್ತಲಿನ ವಾದ್ಯಗಳ ಗದ್ದಲವನ್ನು ಮೀರುವಂತೆ ಅರಚಿದ. ತಾಳವನ್ನು ತುಸು ತಪ್ಪಾಗಿ ಕಲಿತು ಗೆಳೆಯರಿಗೂ ಹಾಗೆಯೇ ಕಲಿಸಿದೆನೆಂದು ಮುಂದೆ ಅವನೇ ಹೇಳಿಕೊಂಡಿದ್ದಾನೆ. ಗಿಟಾರ್ ಮುಗಿದ ಮೇಲೆ ಒಂದು ಕಡೆ ಅವಸರಪಟ್ಟು ಮೊದಲೇ ಬಾಯಿ ತೆಗೆದು, ತಪ್ಪಾಯಿತೆಂದು ತಿಳಿದು ತಟ್ಟನೆ ನಿಲ್ಲಿಸಿದ. ಡ್ರಮ್ಮಿನವನು ಆ ಬಿರುಕನ್ನು ಬಡಿದು ಮುಚ್ಚಿದ. ಒಂದೇ ಸಲಕ್ಕೆ ಮುದ್ರಣ ಮುಗಿಯಿತು. ಎರಡನೆಯ ಸಲ ಹಾಡಿ ತಿದ್ದಲಿಲ್ಲ. ಇಂದು ಈ ಹಾಡನ್ನು ನುಡಿಸುವ ತಂಡಗಳಲ್ಲಿ ಕೆಲವು ಆ ಎಡವಿದ ಜಾಗವನ್ನು ಸಹ ಶ್ರದ್ಧೆಯಿಂದ ಎಡವಿ ತೋರಿಸುತ್ತವೆ! ತಪ್ಪು ಸಹ ಹೀಗೆ ಸಂಪ್ರದಾಯವಾಗುವುದುಂಟು.

ಬಾಸ್ಟನ್ನಿನ ಬಾನುಲಿಯವನೊಬ್ಬ ಇದನ್ನು ವಾರದ ಅತ್ಯಂತ ಕೆಟ್ಟ ಮುದ್ರಿಕೆ ಎಂದು ಹೆಸರಿಸಿ ಗೇಲಿಗಾಗಿ ಹಾಕಿದನಂತೆ. ಕೇಳಿದವರು ಮಾರನೆಯ ದಿನ ಅಂಗಡಿಗೆ ಹೋಗಿ ಆ ಕೆಟ್ಟದ್ದೇ ಬೇಕೆಂದರು. 1963ರ ಕೊನೆಯಲ್ಲಿ, 1964ರ ಮೊದಲಲ್ಲಿ ಅದು 'ಬಿಲ್‌ಬೋರ್ಡ್' ಪತ್ರಿಕೆಯ ಜನಪ್ರಿಯ ಗೀತೆಗಳ ಪಟ್ಟಿಯಲ್ಲಿ ಎರಡನೆಯ ಸ್ಥಾನಕ್ಕೇರಿ, ಒಟ್ಟು ಆರು ವಾರ ಅಲ್ಲಿದ್ದಿತು. ಮೊದಲನೆಯ ಸ್ಥಾನವನ್ನು ಕೆಲವು ವಾರ ಇದರ ಕೈಗೆ ಸಿಗದಂತೆ ತಡೆದು ಹಿಡಿದವಳು ಬೆಲ್ಜಿಯಂ ದೇಶದ ಒಬ್ಬ ಕ್ರೈಸ್ತ ಸಂನ್ಯಾಸಿನಿ. ಸಂತನೊಬ್ಬನನ್ನು ಕುರಿತ 'ಡೊಮಿನಿಕ್' ಎಂಬ ಅವಳ ಹಾಡು. ವಿಧಿಗೂ ಹಾಸ್ಯಪ್ರಜ್ಞೆ ಇದೆ ಎನ್ನುವುದು ಇಂಥದಕ್ಕೇ ಇರಬೇಕು.

ಇನ್ನು ಅಪವಾದಕ್ಕೆ ಬರೋಣ. ಮಾತು ಸ್ಪಷ್ಟವಾಗಿ ಕೇಳಿಸದಿದ್ದುದೇ ಮೂಲ. 'ಅಲ್ಲಿ ಹೇಳಬಾರದ್ದನ್ನು ಹೇಳಿದ್ದಾನೆ' ಎಂದು ಯಾವನೋ ಹುಡುಗ ಪಿಸುಗುಟ್ಟಿದ. 45 ಸುತ್ತಿನ ತಟ್ಟೆಯನ್ನು 33 ಸುತ್ತಿಗೆ ಇಳಿಸಿ ಹಾಕಿದರೆ ಎಲ್ಲವೂ ತಿಳಿಯುತ್ತದೆಂದು ಇನ್ನೊಬ್ಬ ಹೇಳಿದ. ಶಾಲೆ ಕಾಲೇಜುಗಳಲ್ಲಿ 'ನಿಜವಾದ' ಸಾಹಿತ್ಯವೆಂದು ಅಶ್ಲೀಲ ಪದ್ಯಗಳನ್ನು ಬರೆದ ಚೀಟಿಗಳು ಕೈಯಿಂದ ಕೈಗೆ ಹೋದವು. ಒಂದು ಊರಿನ ಚೀಟಿಗೂ ಮತ್ತೊಂದು ಊರಿನ ಚೀಟಿಗೂ ಹೊಂದಿಕೆಯಿಲ್ಲ; ಹೊಂದುವುದಾದರೂ ಹೇಗೆ? ಪ್ರತಿಯೊಬ್ಬನೂ ತನ್ನ ಶಕ್ತ್ಯನುಸಾರ ಕವಿತ್ವ ಮಾಡಿದ್ದ. 1964ರ ಆರಂಭದಲ್ಲಿ ಇಂಡಿಯಾನ ಪ್ರಾಂತದ ಗವರ್ನರ್ ಮ್ಯಾಥ್ಯೂ ವೆಲ್ಷ್ ಎಂಬವರು ಇದನ್ನು ಕೇಳಿ, ಅಸಭ್ಯವೆಂದು ಮನಗಂಡು, ಬಾನುಲಿಯವರು ಇದನ್ನು ಪ್ರಸಾರ ಮಾಡದಿರಲೆಂದು ಸೂಚಿಸಿದರು. ಅದೇ ಫೆಬ್ರವರಿಯಲ್ಲಿ ತಂದೆತಾಯಿಗಳ ಕಡೆಯಿಂದ ದೇಶದ ಅಟಾರ್ನಿ ಜನರಲ್ ರಾಬರ್ಟ್ ಕೆನೆಡಿಯವರಿಗೆ ದೂರು ಹೋಯಿತು. ಎಫ್. ಬಿ. ಐ. ತನಿಖೆಗೆ ಇಳಿಯಿತು.

ತನಿಖೆ ಎಂದರೆ ಎಂಥದು! ದರೋಡೆಕೋರರನ್ನೂ ಗೂಢಚಾರರನ್ನೂ ಹಿಡಿಯತಕ್ಕ ಅಧಿಕಾರಿಗಳು ತಟ್ಟೆಯನ್ನು ಒಮ್ಮೆ ನಿಧಾನವಾಗಿ, ಒಮ್ಮೆ ವೇಗವಾಗಿ ತಿರುಗಿಸಿ ಕಿವಿಗೊಟ್ಟು ಕುಳಿತರು. ನೂರು ಪುಟಕ್ಕೂ ಮಿಕ್ಕ ಕಡತ ಬೆಳೆಯಿತು. ಪ್ರಕಾಶಕರ ಬಳಿ ಅಚ್ಚಾದ ಸಾಹಿತ್ಯ ಇತ್ತು, ಅದರಲ್ಲಿ ಆಕ್ಷೇಪಾರ್ಹವಾದುದು ಒಂದಕ್ಷರವೂ ಇರಲಿಲ್ಲ. ಹಾಡನ್ನು ಹಾಡಿದ ಈಲಿಯನ್ನು ಮಾತ್ರ, 'ಅಯ್ಯಾ, ನೀನು ಹಾಡಿದ್ದೇನು?' ಎಂದು ಅವರು ಹೋಗಿ ಕೇಳಲೇ ಇಲ್ಲ. ಕೊನೆಗೆ, ಯಾವ ವೇಗದಲ್ಲಿ ಹಾಕಿದರೂ ಮಾತು ತಿಳಿಯುವುದಿಲ್ಲ, ಆದ್ದರಿಂದ ಅಶ್ಲೀಲವೆಂದು ತೀರ್ಮಾನಿಸಲಾಗುವುದಿಲ್ಲ ಎಂಬ ನಿರ್ಣಯಕ್ಕೆ ಬಂದು ಕಡತವನ್ನು ಕಟ್ಟಿಟ್ಟರು. ಬೆಟ್ಟ ಅಗೆದು ಇಲಿ ಹಿಡಿದರೆಂಬ ಗಾದೆ ಇಲ್ಲಿ ಸಲ್ಲದು. ಇವರಿಗೆ ಇಲಿಯೂ ಸಿಕ್ಕಲಿಲ್ಲ. ಸಿಕ್ಕಬೇಕಾಗಿದ್ದ ಇಲಿಯೊಂದು ಇದ್ದಿತೆಂಬುದು ಬೇರೆ ಮಾತು. ಹಾಡು ಆರಂಭವಾಗಿ ಒಂದು ನಿಮಿಷದೊಳಗೆ, ಸುಮಾರು 54ನೆಯ ಸೆಕೆಂಡಿನಲ್ಲಿ, ಡ್ರಮ್ಮಿನ ಲಿನ್ ಈಸ್ಟನ್ ಕೋಲು ತಪ್ಪಿದ್ದಕ್ಕೆ ಬೇಸರಪಟ್ಟು ದೂರದಿಂದ ಒಂದು ಬೈಗುಳವನ್ನು ಕೂಗಿದ್ದು ಗಮನವಿಟ್ಟರೆ ಕೇಳಿಸುತ್ತದೆ. ಇಡೀ ಹಾಡಿನಲ್ಲಿರುವ ಕೆಟ್ಟ ಮಾತು ಅದೊಂದೇ. ಅದು ಹಾಡಿನದಲ್ಲ, ಮತ್ತು ಅದು ತನಿಖೆಯವರ ಕಿವಿಗೆ ಬೀಳಲಿಲ್ಲ.

ಕಾಮಾಲೆ ಕಣ್ಣಿಗೆ ಕಂಡದ್ದೆಲ್ಲ ಹಳದಿ ಎಂದು ಹೇಳಿ ನಕ್ಕು ಮುಂದೆ ಹೋಗಬಹುದಾಗಿತ್ತು. ಆದರೆ ನನಗೆ ಇಲ್ಲಿ ಕಾಣುವುದು ಕಣ್ಣಿನ ದೋಷ ಮಾತ್ರವಲ್ಲ, ನಂಬಿಕೆಯ ಅಭಾವ. ನಮ್ಮ ಊರಿನಲ್ಲಿ ರಾಮನವಮಿಯ ಕಛೇರಿಗೆ ನಾವೆಲ್ಲ ಹೋಗುತ್ತೇವೆ. ತ್ಯಾಗರಾಜರ ಕೃತಿಗಳು ತೆಲುಗಿನವು. ಕೇಳುವ ನೂರು ಮಂದಿಯಲ್ಲಿ ತೊಂಬತ್ತು ಮಂದಿಗೆ ಒಂದು ಸಾಲಿನ ಅರ್ಥವೂ ಪೂರ್ತಿಯಾಗಿ ತಿಳಿಯದು. ಗಾಯಕರು ಸ್ವರದ ಭರದಲ್ಲಿ ಪದವನ್ನು ಎರಡು ತುಂಡು ಮಾಡಿದರೂ ನಾವು ತಲೆದೂಗುತ್ತೇವೆ. 'ಏನೇನಿದೆಯೋ ಯಾರಿಗೆ ಗೊತ್ತು' ಎಂದು ಅಲ್ಲಿ ಯಾರೂ ಅಂದದ್ದನ್ನು ನಾನು ಕೇಳಿಲ್ಲ, ಅನ್ನಬೇಕಾದ್ದೂ ಇಲ್ಲ. ಹಾಡುವವರ ಮೇಲೆ ನಮಗೆ ವಿಶ್ವಾಸವಿದೆ, ಆದ್ದರಿಂದ ತಿಳಿಯದ ಮಾತು ನಮಗೆ ದೇವರ ಮಾತಾಗಿ ಕೇಳಿಸುತ್ತದೆ. ಹುಡುಗರ ಮೇಲೆ ಆ ವಿಶ್ವಾಸವಿಲ್ಲ, ಆದ್ದರಿಂದ ತಿಳಿಯದ ಮಾತು ಪೋಲಿಮಾತಾಗಿ ಕೇಳಿಸುತ್ತದೆ. ಅಮೆರಿಕದ ಆ ತಂದೆತಾಯಿಗಳು ತಟ್ಟೆಯನ್ನು ಎಷ್ಟು ಸುತ್ತಿನಲ್ಲಿ ತಿರುಗಿಸಿದ್ದರೂ ಅವರಿಗೆ ಕೇಳಿಸುತ್ತಿದ್ದುದು ತಮ್ಮ ಮಕ್ಕಳ ಬಗ್ಗೆ ತಮಗಿದ್ದ ಭಯವೇ ಹೊರತು ಬೆರಿಯ ಹಾಡಲ್ಲ. ಮಕ್ಕಳೂ ಸಾಧುಗಳೇನಲ್ಲವೆನ್ನಿ. ದೊಡ್ಡವರು ಹೆದರುತ್ತಾರೆಂದು ತಿಳಿದ ಮೇಲೆ ಚೀಟಿ ಬರೆಯುವ ಉತ್ಸಾಹ ಇಮ್ಮಡಿಯಾಯಿತು. ಪ್ರಕಾಶಕರಂತೂ, ಸಾಹಿತ್ಯದಲ್ಲಿ ಅಸಭ್ಯವಾದುದನ್ನು ತೋರಿಸಿದವರಿಗೆ 1,000 ಡಾಲರು ಕೊಡುತ್ತೇವೆಂದು ಸಾರಿದರು. ಹಾಡಿನ ಒಡೆಯನಿಗೆ ಕೊಟ್ಟದ್ದು 750. ಇಲ್ಲದ ಕೊಳೆಯನ್ನು ತೋರಿಸುವವನಿಗೆ 1,000. ಈ ಎರಡು ಅಂಕಿಗಳನ್ನು ಒಂದರ ಪಕ್ಕದಲ್ಲಿ ಒಂದನ್ನಿಟ್ಟು ನೋಡಿದಾಗ ನನ್ನ ನಗು ನಿಂತುಹೋಯಿತು.

ನಾನು ಹೇಳಬೇಕೆಂದಿರುವ ತಪ್ಪು ಇರುವುದು ಇಲ್ಲಿ. ತಿಳಿಯದ ಹಾಡಿನ ಮೇಲೆ ಅಷ್ಟು ತನಿಖೆ ನಡೆಯಿತಲ್ಲ, ಸ್ಪಷ್ಟವಾಗಿ ಟೈಪು ಮಾಡಿ ರುಜು ಹಾಕಿಸಿಕೊಂಡ ಕರಾರು ಪತ್ರಗಳನ್ನು ಯಾರಾದರೂ ಓದಿದರೇ? ಬೆರಿಯ ಕೈಬಿಟ್ಟು ಹೋದ ಹಾಡು ಲಕ್ಷೋಪಲಕ್ಷ ತಟ್ಟೆಗಳಾಗಿ ಮಾರಾಟವಾಗುತ್ತಿದ್ದಾಗ ಅವನು ಸಣ್ಣ ನೃತ್ಯಶಾಲೆಗಳಲ್ಲಿ ಹಾಡಿ ಜೀವಿಸುತ್ತಿದ್ದ. ಹಾಡಿದ ಈಲಿಯ ಗತಿ ಇನ್ನೂ ವಿಚಿತ್ರ. ಮುದ್ರಿಕೆ ಪ್ರಸಿದ್ಧವಾಗುವ ಮೊದಲೇ, 1963ರ ಆಗಸ್ಟಿನಲ್ಲಿ, ಇನ್ನು ಮುಂದೆ ತಾನೇ ಗಾಯಕನೆಂದು ಈಸ್ಟನ್ ಹೇಳಿದ. ತಂಡದ ಹೆಸರು ಅವನ ಹೆಸರಿಗೇ ನೋಂದಣಿಯಾಗಿತ್ತು. ಈಲಿ ಹೊರನಡೆದ. ಊರೂರಿಗೂ ಅವನ ಧ್ವನಿ ಹೋಯಿತು; ಅವನು ಹೋಗಲಿಲ್ಲ. ಉಳಿದವರಿಗಾದರೂ ಸುಖವಿತ್ತೇ ಎಂದರೆ ಅದೂ ಇಲ್ಲ. 1968ರ ಒಪ್ಪಂದದಂತೆ ಲಾಭದಲ್ಲಿ ನೂರಕ್ಕೆ ಒಂಬತ್ತರ ಪಾಲು 'ಕಿಂಗ್ಸ್‌ಮೆನ್' ತಂಡಕ್ಕೆ ಬರಬೇಕಾಗಿತ್ತು. ಇಪ್ಪತ್ತೈದು ವರ್ಷ ಅವರಿಗೆ ಒಂದು ಕಾಸೂ ಬರಲಿಲ್ಲ. 1993ರಲ್ಲಿ ನ್ಯಾಯಾಲಯಕ್ಕೆ ಹೋದರು; ಒಪ್ಪಂದ ರದ್ದಾಗಿ ಮೂಲ ಮುದ್ರಿಕೆಗಳು ಅವರಿಗೇ ಸೇರಬೇಕೆಂದು ತೀರ್ಪಾಯಿತು. ಅಪೀಲುಗಳೆಲ್ಲ ಮುಗಿಯುವ ಹೊತ್ತಿಗೆ 1998 ಬಂದಿತ್ತು. ಹುಡುಗರು ಆ ವೇಳೆಗೆ ಮುದುಕರು.

'ಕರಾರು ಮಾಡಿದ ಮೇಲೆ ಮುಗಿಯಿತು. ಹಾಡು ಮಾರಿದವನು ಆಮೇಲೆ ಅಳಬಾರದು' ಎಂದು ನನ್ನ ಸಹಪಾಠಿಯೊಬ್ಬ ವಾದಿಸಿದ. ಅವನು ಮುಂದೆ ವಕೀಲನಾಗುವವನು. ಬೆರಿಯೂ ಅತ್ತವನಲ್ಲವೆಂದೇ ತೋರುತ್ತದೆ. ಆ ಕಾಲದಲ್ಲಿ ಹಾಡು ಕಟ್ಟುವವರು, ಅದರಲ್ಲೂ ಬಡ ಕರಿಯರು, ಹಾಗೆ ಮಾರಿಬಿಡುವುದು ವಾಡಿಕೆಯೇ ಆಗಿತ್ತು. ಆದರೆ ವಾಡಿಕೆಯಾದ ಮಾತ್ರಕ್ಕೆ ನ್ಯಾಯವಾದೀತೇ? ನಮ್ಮ ದೇಶದ ಕಾಯಿದೆ ಇದಕ್ಕೆ ತಡವಾಗಿಯಾದರೂ ಉತ್ತರ ಕೊಟ್ಟಿದೆ. 2012ರಲ್ಲಿ ಕೃತಿಸ್ವಾಮ್ಯದ ಕಾಯಿದೆಯನ್ನು ತಿದ್ದಿ, ಚಲನಚಿತ್ರದಲ್ಲಿ ಅಥವಾ ಧ್ವನಿಮುದ್ರಿಕೆಯಲ್ಲಿ ಬಳಸಿದ ಸಾಹಿತ್ಯಕ್ಕೂ ಸಂಗೀತಕ್ಕೂ ಬರತಕ್ಕ ರಾಯಲ್ಟಿಯಲ್ಲಿ ರಚನಕಾರನಿಗಿರುವ ಸಮಪಾಲನ್ನು ವಾರಸುದಾರರಿಗೆ ಅಥವಾ ಕೃತಿಸ್ವಾಮ್ಯದ ಸಂಘಕ್ಕೆ ಹೊರತು ಮತ್ತಾರಿಗೂ ಬರೆದುಕೊಡಲಾಗದಂತೆ ಮಾಡಿದ್ದಾರೆ. ಬರೆದುಕೊಟ್ಟರೂ ಅದು ಊರ್ಜಿತವಲ್ಲ. ನನ್ನ ವಕೀಲ ಮಿತ್ರ ಇದನ್ನು ಓದಿಕೊಳ್ಳಲಿ.

ಬೆರಿಯ ಕಾಲ ತಿರುಗಿದ್ದು ಒಂದು ಜಾಹೀರಾತಿನಿಂದ. ಎಂಬತ್ತರ ದಶಕದ ನಡುವೆ ಅವನು ಲಾಸ್ ಏಂಜಲೀಸಿನಲ್ಲಿ ತಾಯಿಯ ಮನೆಯಲ್ಲಿ, ಸರ್ಕಾರದ ಸಹಾಯಧನದ ಮೇಲೆ ಇದ್ದ. ದ್ರಾಕ್ಷಾರಸ ಬೆರೆಸಿದ ಪಾನೀಯವೊಂದನ್ನು ಮಾರುವವರಿಗೆ ಈ ಹಾಡು ಬೇಕಾಯಿತು. ಅದಕ್ಕೆ ಬೆರಿಯ ರುಜುವೂ ಬೇಕಾಯಿತು. ಅವನನ್ನು ಹುಡುಕಿಕೊಂಡು ಬಂದವರಿಂದ ಅವನಿಗೆ ತನ್ನ ಹಕ್ಕಿನ ವಿಚಾರ ತಿಳಿಯಿತು. 1986ರಲ್ಲಿ ಪ್ರಕಾಶಕರೊಡನೆ ರಾಜಿಯಾಗಿ ಪಾಲು ಮರಳಿತು, ಲಕ್ಷಾಂತರ ಡಾಲರು ಬಂದಿತು. ಅಪರೂಪಕ್ಕೆ ಒಂದು ಕತೆ ಹೀಗೂ ಮುಗಿಯುತ್ತದೆಂದು ಸಂತೋಷಪಡಬೇಕು. ಆದರೆ ಅವನು 1997ರ ಜನವರಿಯಲ್ಲಿ ತೀರಿಕೊಂಡ; ಹಾಡು ಹುಟ್ಟಿ ನಲವತ್ತು ವರ್ಷಗಳಾಗಿದ್ದರೆ, ಅದರ ಫಲವನ್ನು ಅವನು ಉಂಡದ್ದು ಹತ್ತು ವರ್ಷ.

ಹಾಡು ಮಾತ್ರ ಯಾರ ಹಂಗೂ ಇಲ್ಲದೆ ತಿರುಗುತ್ತಲೇ ಇದೆ. ಸಾವಿರಕ್ಕೂ ಮಿಕ್ಕಿದ ತಂಡಗಳು ಇದನ್ನು ಹಾಡಿ ಮುದ್ರಿಸಿವೆ. 1978ರ 'ಅನಿಮಲ್ ಹೌಸ್' ಚಲನಚಿತ್ರದಲ್ಲಿ ಕಾಲೇಜು ಹುಡುಗರು ಇದನ್ನು ಕುಡಿದು ಹಾಡುತ್ತಾರೆ. ಆ ಕತೆ ನಡೆಯುವುದು 1962ರಲ್ಲಿ, ಅಂದರೆ 'ಕಿಂಗ್ಸ್‌ಮೆನ್' ಮುದ್ರಿಕೆ ಹೊರಬರುವ ಮೊದಲು! 1983ರ ಆಗಸ್ಟಿನಲ್ಲಿ ಕ್ಯಾಲಿಫೋರ್ನಿಯದ ಒಂದು ಕಾಲೇಜಿನ ಬಾನುಲಿಯವರು ಈ ಒಂದೇ ಹಾಡಿನ ಎಂಟುನೂರಕ್ಕೂ ಹೆಚ್ಚಿನ ರೂಪಗಳನ್ನು ಅರುವತ್ತಮೂರು ಗಂಟೆಗಳ ಕಾಲ ಬಿಡದೆ ಪ್ರಸಾರ ಮಾಡಿದರು. ಅಲ್ಲಿಗೆ ಬೆರಿಯೂ ಬಂದಿದ್ದ, ಈಲಿಯೂ ಬಂದಿದ್ದ. ಕಟ್ಟಿದವನೂ ಕೂಗಿದವನೂ, ಇಬ್ಬರಿಗೂ ಆಗ ಆ ಹಾಡಿನಿಂದ ಹೇಳಿಕೊಳ್ಳುವಂಥ ಆದಾಯವಿರಲಿಲ್ಲ. 1985ರಲ್ಲಿ ವಾಷಿಂಗ್ಟನ್ ಪ್ರಾಂತದಲ್ಲಿ ಇದನ್ನೇ ನಾಡಗೀತೆ ಮಾಡಬೇಕೆಂಬ ಚಳವಳಿ ಹಾಸ್ಯವಾಗಿ ಹುಟ್ಟಿ ಶಾಸನಸಭೆಯವರೆಗೂ ಹೋಯಿತು. ಒಂದು ಕಾಲದಲ್ಲಿ ಗವರ್ನರಿಗೆ ಅಸಭ್ಯವಾಗಿ ಕೇಳಿಸಿದ್ದು ಇನ್ನೊಂದು ಕಾಲದಲ್ಲಿ ಶಾಸಕರಿಗೆ ನಾಡಗೀತೆಯಾಗಿ ಕೇಳಿಸತೊಡಗಿತೆಂದು ಸಮಾಧಾನಪಡುವಷ್ಟರಲ್ಲಿ, 2005ರಲ್ಲಿ ಮಿಶಿಗನ್ ಪ್ರಾಂತದ ಬೆಂಟನ್ ಹಾರ್ಬರ್ ಊರಿನ ಶಾಲೆಯ ಮಕ್ಕಳು ಮೆರವಣಿಗೆಯಲ್ಲಿ ಈ ಹಾಡನ್ನು ನುಡಿಸಬಾರದೆಂದು ಅಪ್ಪಣೆಯಾಯಿತು. ಸಾಹಿತ್ಯ ಅಶ್ಲೀಲವೆಂಬುದೇ ಕಾರಣ. ಆ ಮಕ್ಕಳು ಹಾಡುವವರಲ್ಲ, ಬ್ಯಾಂಡು ಬಾರಿಸುವವರು! ಕಹಳೆ, ತಮಟೆಗಳಲ್ಲಿ ಅಶ್ಲೀಲವೆಲ್ಲಿಂದ ಬಂದಿತೋ ನಾಕಾಣೆ. ತಂದೆತಾಯಿಗಳು ಮಕ್ಕಳ ಪಕ್ಷ ವಹಿಸಿದುದರಿಂದ ಅಪ್ಪಣೆ ಹಿಂದಕ್ಕೆ ಹೋಯಿತು. ಈ ಸಲ ತಂದೆತಾಯಿಗಳು ಮಕ್ಕಳನ್ನು ನಂಬಿದರು.

ಡೇವ್ ಮಾರ್ಷ್ ಎಂಬ ವಿಮರ್ಶಕ 1993ರಲ್ಲಿ ಈ ಒಂದು ಹಾಡಿನ ಮೇಲೆಯೇ ಇಡೀ ಪುಸ್ತಕ ಬರೆದಿದ್ದಾನೆ. ಅದರಲ್ಲಿ ಚೀಟಿಗಳ ಅಶ್ಲೀಲ ಪದ್ಯಗಳಿವೆ. ಬೆರಿ ಬರೆದ ನಿಜವಾದ ಪದ್ಯ ಇಲ್ಲ. ಆಗ ಹಕ್ಕು ಹೊಂದಿದ್ದವರು ಅಚ್ಚು ಹಾಕಲು ಒಪ್ಪಲಿಲ್ಲವಂತೆ. ಜನ ಏನೇನನ್ನೋ ಊಹಿಸಿಕೊಳ್ಳುತ್ತಲೇ ಇರಲಿ ಎಂಬುದು ಅವರ ಇಷ್ಟ.

ಮೊನ್ನೆ ರಾತ್ರಿ ವಿದ್ಯಾರ್ಥಿನಿಲಯದಲ್ಲಿ ಆ ನಾಲ್ವರನ್ನೂ ಕೂರಿಸಿಕೊಂಡು ಹಾಡಿನ ಅರ್ಥವನ್ನು ಕನ್ನಡದಲ್ಲಿ ಬರೆದುಕೊಟ್ಟೆ. ನಾವಿಕ, ಹಡಗು, ಜಮೈಕಾದ ಹುಡುಗಿ, ಎಲ್ಲವನ್ನೂ ಓದಿ ನೋಡಿದರು. ಮುಂದಿನ ವರ್ಷ ಈ ಕಾಗದವನ್ನೇ ಸಮಿತಿಯ ಮುಂದೆ ಇಡುವುದೆಂದು ಮೂವರು ನಿಶ್ಚಯಿಸಿದರು. ನಾಲ್ಕನೆಯವನು ಮಾತ್ರ ಫೋನಿನಲ್ಲಿ ಹಾಡನ್ನು ಮತ್ತೊಮ್ಮೆ ಹಾಕಿ, ಕಣ್ಣು ಮುಚ್ಚಿ ಕೊನೆಯವರೆಗೂ ಕೇಳಿದ. ಆಮೇಲೆ ನನ್ನ ಕಾಗದವನ್ನು ಮಡಿಸಿ ನನ್ನ ಕೈಗೇ ಕೊಟ್ಟು, "ಇಲ್ಲ ಕಣೋ, ಅಲ್ಲಿ ಬೇರೆ ಏನೋ ಇದೆ" ಎಂದ.